ಐದು, ಆರು, ನಡುವಿನ ಒಂದು ವರ್ಷ

ಕೇರಳದಲ್ಲಿ ಒಂದನೇ ತರಗತಿಗೆ ಸೇರುವ ವಯಸ್ಸನ್ನು 2026-27ನೇ ಶೈಕ್ಷಣಿಕ ವರ್ಷದಿಂದ ಐದರ ಬದಲು ಆರಕ್ಕೆ ನಿಗದಿಪಡಿಸುವುದಾಗಿ ಶಿಕ್ಷಣ ಸಚಿವ ವಿ. ಶಿವನ್‌ಕುಟ್ಟಿ ಅವರು 2025ರ ಮಾರ್ಚ್ ತಿಂಗಳ ಕೊನೆಯಲ್ಲಿ ಘೋಷಿಸಿದಂದಿನಿಂದ, ಕಾಸರಗೋಡು ಜಿಲ್ಲೆಯ ಕುಂಬಳೆ, ಬದಿಯಡ್ಕ, ಪೈವಳಿಕೆ ಕಡೆಯ ಕನ್ನಡ ಶಾಲೆಗಳ ರಕ್ಷಕ-ಶಿಕ್ಷಕ ಸಂಘದ ಸಭೆಗಳಲ್ಲಿ ಈ ವಿಷಯ ಚರ್ಚೆಗೆ ಬರುತ್ತಲೇ ಇದೆ. ಮಗುವಿಗೆ ಆರು ತುಂಬುವವರೆಗೆ ಕಾಯುವುದೇ ಸರಿ ಎನ್ನುವವರಿದ್ದಾರೆ. ಒಂದು ವರ್ಷ ಸುಮ್ಮನೆ ಕಳೆದುಹೋಗುತ್ತದೆ ಎಂದು ಬೇಸರಪಡುವವರಿದ್ದಾರೆ. ಕೇಂದ್ರದ ಶಿಕ್ಷಣ ನೀತಿಯನ್ನು ಹಿಂಬಾಗಿಲಿನಿಂದ ತರುವ ಉಪಾಯವಿದು ಎಂದು ಶಂಕಿಸುವವರೂ ಇದ್ದಾರೆ. ಕಾಸರಗೋಡಿನ ಕನ್ನಡ ಮಾಧ್ಯಮದಲ್ಲಿ ಬಹುಕಾಲ ಒಂದನೇ ತರಗತಿಯ ಮಕ್ಕಳಿಗೇ ಪಾಠ ಹೇಳಿ ನಿವೃತ್ತಳಾದ ನನಗೆ ಆರು ಎಂಬ ವಯಸ್ಸಿನ ಬಗ್ಗೆ ತಕರಾರಿಲ್ಲ. ಅದು ಸರಿಯಾದ ನಿರ್ಧಾರವೆಂದೇ ನನ್ನ ಅಭಿಪ್ರಾಯ. ಆದರೆ ಐದು ತುಂಬಿದ ಮಗು ಆ ಒಂದು ವರ್ಷವನ್ನು ಎಲ್ಲಿ, ಯಾರ ಬಳಿ, ಯಾವ ಭಾಷೆಯಲ್ಲಿ ಕಳೆಯುತ್ತದೆ ಎಂಬ ಪ್ರಶ್ನೆಗೆ ಉತ್ತರ ಸಿದ್ಧಪಡಿಸದೆ ವಯಸ್ಸನ್ನು ಮಾತ್ರ ಏರಿಸಿದರೆ, ಕೇರಳದ ಬೇರೆ ಯಾವ ಭಾಗಕ್ಕೂ ಆಗದಷ್ಟು ನಷ್ಟ ನಮ್ಮ ಗಡಿನಾಡಿನ ಕನ್ನಡ ಶಾಲೆಗಳಿಗೆ ಆಗುತ್ತದೆ ಎಂಬುದು ನನ್ನ ಚಿಂತೆ. ಆ ಚಿಂತೆಯನ್ನು ಇಲ್ಲಿ ಸ್ವಲ್ಪ ವಿವರವಾಗಿ ಬರೆಯುತ್ತಿದ್ದೇನೆ.

ವಯಸ್ಸಿನ ಪ್ರಶ್ನೆ ಹೊಸದಲ್ಲ. 1964ರಿಂದ 1966ರವರೆಗೆ ಕೆಲಸ ಮಾಡಿದ ಕೊಠಾರಿ ಆಯೋಗವೇ ಒಂದನೇ ತರಗತಿಗೆ ಸೇರುವ ಮಗುವಿಗೆ ಸಾಮಾನ್ಯವಾಗಿ ಆರು ವರ್ಷ ತುಂಬಿರಬೇಕು ಎಂದು ಹೇಳಿತ್ತು. 2010ರ ಏಪ್ರಿಲ್ 1ರಂದು ಜಾರಿಗೆ ಬಂದ ಶಿಕ್ಷಣ ಹಕ್ಕು ಕಾಯ್ದೆ ಆರರಿಂದ ಹದಿನಾಲ್ಕು ವರ್ಷದ ಮಕ್ಕಳನ್ನು ಮನಸ್ಸಿನಲ್ಲಿಟ್ಟುಕೊಂಡೇ ರೂಪುಗೊಂಡದ್ದು. 2020ರ ರಾಷ್ಟ್ರೀಯ ಶಿಕ್ಷಣ ನೀತಿಯು ಮೂರರಿಂದ ಎಂಟು ವರ್ಷದವರೆಗಿನ ಕಾಲವನ್ನು ಒಂದೇ ಬುನಾದಿ ಹಂತವೆಂದು ಕರೆದು, ಅದರಲ್ಲಿ ಮೂರು ವರ್ಷ ಶಾಲಾಪೂರ್ವ ಕಲಿಕೆ, ಆಮೇಲೆ ಒಂದು ಮತ್ತು ಎರಡನೇ ತರಗತಿ ಎಂದು ವಿಂಗಡಿಸಿತು. ಕೇಂದ್ರೀಯ ವಿದ್ಯಾಲಯಗಳು 2022-23ರಲ್ಲಿ ಈ ವಯಸ್ಸನ್ನು ಜಾರಿಗೆ ತಂದಾಗ ಕೆಲವು ಪೋಷಕರು ದೆಹಲಿ ಹೈಕೋರ್ಟಿನ ಮೆಟ್ಟಿಲೇರಿದರೂ ಅರ್ಜಿ ವಜಾ ಆಯಿತು, ಸುಪ್ರೀಂ ಕೋರ್ಟಿನಲ್ಲೂ ಅವರಿಗೆ ಅನುಕೂಲವಾದ ಆದೇಶ ಸಿಗಲಿಲ್ಲ. ಕಾಸರಗೋಡಿನಲ್ಲೂ ಕೇಂದ್ರೀಯ ವಿದ್ಯಾಲಯಗಳು ಇರುವುದರಿಂದ ಒಂದೇ ಊರಿನ ಎರಡು ಶಾಲೆಗಳಲ್ಲಿ ಎರಡು ವಯಸ್ಸಿನ ನಿಯಮ ನಡೆಯುವ ಸ್ಥಿತಿ ಆಗಲೇ ಉಂಟಾಯಿತು. ಕೇರಳ ಸರಕಾರ ಕೆಲವು ವರ್ಷ ಐದಕ್ಕೇ ಅಂಟಿಕೊಂಡಿತ್ತು. ಕೊನೆಗೆ ನಿಲುವು ಬದಲಾದಾಗ ಸಚಿವರು ಕೊಟ್ಟ ಕಾರಣಗಳಲ್ಲಿ ಒಂದು ಮುಖ್ಯವಾದದ್ದು: ರಾಜ್ಯದ ಅರ್ಧಕ್ಕಿಂತ ಹೆಚ್ಚು ಮಕ್ಕಳು ಈಗಾಗಲೇ ಆರು ತುಂಬಿದ ಮೇಲೆಯೇ ಒಂದನೇ ತರಗತಿಗೆ ಬರುತ್ತಿದ್ದಾರೆ ಎಂಬುದು. ತಂದೆತಾಯಂದಿರು ತಾವಾಗಿಯೇ ಮಾಡಿಕೊಂಡ ತೀರ್ಮಾನವನ್ನು ಸರಕಾರ ನಿಯಮವಾಗಿಸಲು ಹೊರಟಿದೆ ಎನ್ನಬಹುದು. ಆದ್ದರಿಂದ ಇದನ್ನು ದೆಹಲಿ ಮತ್ತು ತಿರುವನಂತಪುರಗಳ ನಡುವಿನ ರಾಜಕೀಯ ಜಗಳದ ಒಂದು ತುಣುಕೆಂದು ನೋಡುವುದು ನನಗೆ ಒಪ್ಪಿಗೆಯಿಲ್ಲ.

ಆರು ಏಕೆ ಸರಿ ಎಂಬುದನ್ನು ತಿಳಿಯಲು ಜೂನ್ ತಿಂಗಳ ಒಂದನೇ ತರಗತಿಯಲ್ಲಿ ಒಂದು ದಿನ ಕುಳಿತರೆ ಸಾಕು. ಐದು ತುಂಬಿ ಎರಡು ವಾರವೂ ಆಗದ ಮಗುವೂ, ಆರೂವರೆ ದಾಟಿದ ಮಗುವೂ ಒಂದೇ ಬೆಂಚಿನಲ್ಲಿರುತ್ತವೆ. ಚಿಕ್ಕ ಮಗು ಪೆನ್ಸಿಲನ್ನು ಮುಷ್ಟಿಯಲ್ಲಿ ಹಿಡಿಯುತ್ತದೆ. 'ಅ' ಬರೆಯುವಾಗ ಒಳಗಿನ ಸುರುಳಿಯನ್ನು ತಿರುಗಿಸಲು ಬೆರಳು ಒಪ್ಪದೆ ಇಡೀ ಕೈಯನ್ನೇ ತಿರುಗಿಸುತ್ತದೆ, ಆ ರಭಸಕ್ಕೆ ಪೆನ್ಸಿಲಿನ ಮೊನೆ ಮುರಿಯುತ್ತದೆ ಅಥವಾ ಕಾಗದ ಹರಿಯುತ್ತದೆ. ಪಕ್ಕದ ಮಗು ಅಷ್ಟರಲ್ಲಿ ಸಾಲು ಮುಗಿಸಿ ಬಾಗಿಲ ಹೊರಗಿನ ಮಳೆ ನೋಡುತ್ತಿರುತ್ತದೆ. ಮಧ್ಯಾಹ್ನದ ಊಟವಾಗಿ ಎರಡು ಗಂಟೆಯಾಗುವಾಗ ಚಿಕ್ಕವು ಕುಳಿತಲ್ಲೇ ತೂಕಡಿಸುತ್ತವೆ. ತರಗತಿಯ ಹಿಂದೆ ಒಂದು ಚಾಪೆ ಹಾಸಿಡದ ಒಂದನೇ ತರಗತಿಯ ಟೀಚರನ್ನು ನಾನು ಕಂಡಿಲ್ಲ. ಈ ವಯಸ್ಸಿನಲ್ಲಿ ಒಂದು ವರ್ಷದ ಅಂತರವೆಂದರೆ ಆ ಮಗು ಇದುವರೆಗೆ ಬದುಕಿದ ಆಯುಷ್ಯದ ಐದನೇ ಒಂದು ಭಾಗ. ಅದನ್ನು ಲೆಕ್ಕಿಸದೆ ಇಬ್ಬರಿಗೂ ಒಂದೇ ಪುಟ ತೆರೆದರೆ, ಚಿಕ್ಕ ಮಗು ತಾನು ದಡ್ಡ ಎಂದು ತಿಳಿಯತೊಡಗುತ್ತದೆ. ಆ ತಿಳಿವಳಿಕೆ ಒಮ್ಮೆ ಮನಸ್ಸಿಗಿಳಿದರೆ ನಾಲ್ಕನೇ ತರಗತಿಗೆ ಬಂದರೂ ಹೋಗದಿರುವುದನ್ನು ನೋಡಿದ್ದೇನೆ.

ಬೇರೆ ಊರುಗಳಿಗಿಂತ ನಮ್ಮಲ್ಲಿ ಇದಕ್ಕೆ ಇನ್ನೊಂದು ಕಾರಣವೂ ಸೇರಿಕೊಳ್ಳುತ್ತದೆ. ಕಾಸರಗೋಡಿನ ಕನ್ನಡ ಶಾಲೆಗೆ ಬರುವ ಮಕ್ಕಳಲ್ಲಿ ಬಹುಪಾಲಿನವರ ಮನೆಮಾತು ಪುಸ್ತಕದ ಕನ್ನಡವಲ್ಲ. ತುಳು, ಬ್ಯಾರಿ, ಕೊಂಕಣಿ, ಮರಾಠಿ, ಹವ್ಯಕ ಕನ್ನಡ, ಕೆಲವೆಡೆ ಮಲಯಾಳ; ಹೀಗೆ ಒಂದು ತರಗತಿಯೊಳಗೆ ನಾಲ್ಕೈದು ಮನೆಮಾತುಗಳಿರುವುದು ಸಾಮಾನ್ಯ. ಪಾಠದ ಚಿತ್ರದಲ್ಲಿರುವ ಹಸುವನ್ನು ತೋರಿಸಿದರೆ ಒಂದು ಮಗು 'ಪೆತ್ತ' ಎನ್ನುತ್ತದೆ, ಇನ್ನೊಂದು 'ದನ' ಎನ್ನುತ್ತದೆ, ಮೂರನೆಯದು ಏನೂ ಹೇಳದೆ ಟೀಚರ ಮುಖ ನೋಡುತ್ತದೆ. ಮೊದಲ ವಾರ 'ಎಂಕ್ ಇಲ್ಲಡೆ ಪೋವೊಡು' ಎಂದು ಅಳುವ ಮಗುವಿಗೆ ತುಳುವಿನಲ್ಲೇ ಸಮಾಧಾನ ಹೇಳಬೇಕು. ಕನ್ನಡದಲ್ಲಿ ಹೇಳಿದರೆ ಅಳು ಜೋರಾಗುತ್ತದೆ. ಕೇರಳದ ಪಠ್ಯಕ್ರಮವು ಮೊದಲು ಕಥೆ ಅಥವಾ ಸನ್ನಿವೇಶ, ಆಮೇಲೆ ವಾಕ್ಯ, ಆಮೇಲೆ ಪದ, ಕೊನೆಗೆ ಅಕ್ಷರ ಎಂಬ ಕ್ರಮವನ್ನು ಅನುಸರಿಸುತ್ತದೆ. ಇದು ಒಳ್ಳೆಯ ಕ್ರಮ. ಆದರೆ ಕಥೆ ಹೇಳಿದ ಭಾಷೆ ಮಗುವಿನ ಕಿವಿಗೆ ಮೊದಲೇ ಪರಿಚಯವಾಗಿರಬೇಕು ಎಂಬುದು ಅದರ ಅಡಿಪಾಯ. ಮನೆಯಲ್ಲಿ ಮಲಯಾಳವನ್ನೇ ಕೇಳಿ ಬೆಳೆದ ಕಣ್ಣೂರಿನ ಮಗುವಿಗೆ ಆ ಅಡಿಪಾಯ ಹುಟ್ಟಿನಿಂದಲೇ ಸಿಕ್ಕಿರುತ್ತದೆ. ಎಣ್ಮಕಜೆಯ ಅಥವಾ ಬೆಳ್ಳೂರಿನ ತುಳು ಮನೆಯ ಮಗು ಭಾಷೆಯನ್ನೂ ಅಕ್ಷರವನ್ನೂ ಒಟ್ಟಿಗೆ ಕಲಿಯಬೇಕಾಗುತ್ತದೆ, ಅದೂ ಐದನೇ ವರ್ಷದಲ್ಲಿ.

ಆದ್ದರಿಂದ ನಮ್ಮ ಮಕ್ಕಳಿಗೆ ಅಕ್ಷರಕ್ಕೆ ಮೊದಲು ಒಂದು ವರ್ಷ ಬೇಕೇ ಬೇಕು: ಹಾಡು, ಕಥೆ, ಆಟ, ಸಂಭಾಷಣೆಗಳ ಮೂಲಕ ಕನ್ನಡ ಕಿವಿಗೆ ಬೀಳುವ, ಮನೆಮಾತಿಗೂ ಜಾಗವಿರುವ, ಬರೆಯುವ ಒತ್ತಡವಿಲ್ಲದ ಒಂದು ವರ್ಷ. ವಯಸ್ಸನ್ನು ಆರಕ್ಕೆ ಏರಿಸುವುದರಿಂದ ಆ ವರ್ಷ ಕೈಗೆ ಬರುತ್ತದೆ ಎಂಬ ಕಾರಣಕ್ಕೇ ನಾನು ಈ ಬದಲಾವಣೆಯ ಪರವಾಗಿದ್ದೇನೆ.

ಇಲ್ಲಿಗೆ ಚರ್ಚೆ ಮುಗಿಯುವುದಿಲ್ಲ. ಸಭೆಗಳಲ್ಲಿ ಎದ್ದುನಿಂತು ವಿರೋಧಿಸುವ ತಾಯಂದಿರ ಮಾತನ್ನು ಕಡೆಗಣಿಸುವಂತಿಲ್ಲ. ಅಡಿಕೆ ಸುಲಿಯಲು, ಬೀಡಿ ಕಟ್ಟಲು, ಉದ್ಯೋಗ ಖಾತರಿಯ ಕೆಲಸಕ್ಕೆ ಹೋಗುವ ತಾಯಿಗೆ ಐದು ವರ್ಷದ ಮಗು ಶಾಲೆಗೆ ಸೇರುವುದೆಂದರೆ ಬೆಳಗ್ಗಿನಿಂದ ಸಂಜೆಯವರೆಗೆ ಅದು ಒಂದು ಸುರಕ್ಷಿತ ಜಾಗದಲ್ಲಿದೆ, ಮಧ್ಯಾಹ್ನ ಬಿಸಿ ಊಟ ಉಂಡಿದೆ ಎಂಬ ಭರವಸೆ. 'ಆರು ತುಂಬಲಿ' ಎಂದು ಅಧಿಕಾರಿಗಳು ಹೇಳುವಾಗ ಆ ತಾಯಿಗೆ ಕೇಳಿಸುವುದು 'ಇನ್ನೊಂದು ವರ್ಷ ನೀವೇ ನೋಡಿಕೊಳ್ಳಿ' ಎಂದು. ಅವಳ ಭಯಕ್ಕೆ ಕಾನೂನಿನಲ್ಲೂ ಆಧಾರವಿದೆ. ಸಂವಿಧಾನದ 45ನೇ ವಿಧಿ ಮೊದಲು ಹದಿನಾಲ್ಕು ವರ್ಷದವರೆಗಿನ ಎಲ್ಲ ಮಕ್ಕಳ ಶಿಕ್ಷಣದ ಬಗ್ಗೆ ಹೇಳುತ್ತಿತ್ತು, ಕೆಳಗಿನ ಮಿತಿಯನ್ನು ಹಾಕಿರಲಿಲ್ಲ. 2002ರ 86ನೇ ತಿದ್ದುಪಡಿಯು 21ಎ ವಿಧಿಯ ಮೂಲಕ ಶಿಕ್ಷಣವನ್ನು ಮೂಲಭೂತ ಹಕ್ಕನ್ನಾಗಿಸಿದ್ದು ದೊಡ್ಡ ಸಾಧನೆ. ಆದರೆ ಆ ಹಕ್ಕು ಆರರಿಂದ ಹದಿನಾಲ್ಕು ವರ್ಷದವರಿಗೆ ಮಾತ್ರ. ಆರು ತುಂಬದ ಮಕ್ಕಳು ನಿರ್ದೇಶಕ ತತ್ವದಲ್ಲೇ, ಅಂದರೆ ಕೋರ್ಟಿನಲ್ಲಿ ಹಕ್ಕಾಗಿ ಕೇಳಲಾಗದ ಆಶಯಗಳ ಪಟ್ಟಿಯಲ್ಲೇ ಉಳಿದರು. ಶಿಕ್ಷಣ ಹಕ್ಕು ಕಾಯ್ದೆಯ 11ನೇ ಕಲಮು ಮೂರರಿಂದ ಆರು ವರ್ಷದ ಮಕ್ಕಳಿಗೆ ಉಚಿತ ಶಾಲಾಪೂರ್ವ ಶಿಕ್ಷಣದ ವ್ಯವಸ್ಥೆಯನ್ನು ಸರಕಾರ ಮಾಡಬಹುದು ಎನ್ನುತ್ತದೆಯೇ ಹೊರತು ಮಾಡಲೇಬೇಕೆಂದು ಕಡ್ಡಾಯ ಮಾಡುವುದಿಲ್ಲ. ಐದಕ್ಕೆ ಪ್ರವೇಶವಿರುವ ಕೇರಳದಲ್ಲಿ ಇದುವರೆಗೆ ಐದು ವರ್ಷದ ಮಗುವಿಗೆ ಶಾಲೆಯಲ್ಲಿ ಒಂದು ಸ್ಥಾನ, ಒಬ್ಬ ತರಬೇತಾದ ಶಿಕ್ಷಕಿ, ಪುಸ್ತಕ, ಊಟ ಎಲ್ಲವೂ ಸರಕಾರದ ಹೊಣೆಯಾಗಿ ಸಿಗುತ್ತಿತ್ತು. ವಯಸ್ಸು ಏರಿದ ಮರುದಿನ ಅದೇ ಮಗುವಿಗೆ ಸಿಗಬೇಕಾದದ್ದೇನು ಎಂಬುದನ್ನು ಯಾವ ಕಾನೂನೂ ಅಷ್ಟು ಖಚಿತವಾಗಿ ಹೇಳುವುದಿಲ್ಲ.

ಹಾಗಾದರೆ ಆ ಮಗು ಎಲ್ಲಿಗೆ ಹೋಗುತ್ತದೆ? ನಮ್ಮ ಹಳ್ಳಿಗಳಲ್ಲಿ ಮೂರು ದಾರಿಗಳಿವೆ.

ಒಂದು, ಅಂಗನವಾಡಿ. 1975ರ ಅಕ್ಟೋಬರ್ 2ರಂದು ಆರಂಭವಾದ ಸಮಗ್ರ ಶಿಶು ಅಭಿವೃದ್ಧಿ ಯೋಜನೆಯಡಿ ಹುಟ್ಟಿದ ಈ ಕೇಂದ್ರಗಳು ಗುಡ್ಡೆಯ ಮೇಲಿನ ಕಾಲೊನಿಗೂ ತಲುಪಿವೆ, ಬಡಮಕ್ಕಳ ಹೊಟ್ಟೆಯನ್ನು ತುಂಬಿಸಿವೆ. ಅಂಗನವಾಡಿ ಟೀಚರಿಗೆ ಇರುವ ಕೆಲಸಗಳನ್ನು ನೋಡಿದರೆ ಅವರ ಬಗ್ಗೆ ಗೌರವ ಮೂಡುತ್ತದೆ: ತೂಕ ನೋಡುವುದು, ಗರ್ಭಿಣಿಯರ ಪಟ್ಟಿ, ಪೌಷ್ಟಿಕ ಆಹಾರ ವಿತರಣೆ, ಚುಚ್ಚುಮದ್ದಿನ ದಿನ, ಮನೆಮನೆ ಭೇಟಿ, ಮೊಬೈಲಿನಲ್ಲಿ ಲೆಕ್ಕ ತುಂಬಿಸುವುದು. ಇಷ್ಟರ ನಡುವೆ ಐದು ವರ್ಷದ ಮಕ್ಕಳಿಗೆ ಪ್ರತ್ಯೇಕವಾಗಿ ಕಥೆ ಹೇಳಲು ಅವರಿಗೆ ಸಮಯ ಸಿಗುವುದೇ ಕಷ್ಟ. ಎರಡೂವರೆ ವರ್ಷದ ಮಗುವೂ ಐದೂವರೆ ವರ್ಷದ ಮಗುವೂ ಒಂದೇ ಕೋಣೆಯಲ್ಲಿರುತ್ತವೆ. ಭಾಷೆಯ ಪ್ರಶ್ನೆ ಇನ್ನೂ ಕಠಿಣ. ಕನ್ನಡ ಮತ್ತು ತುಳು ಮಾತನಾಡುವ ಮನೆಗಳೇ ಹೆಚ್ಚಿರುವ ಎಷ್ಟೋ ಕಡೆ ಅಂಗನವಾಡಿಯ ಗೋಡೆಯ ಮೇಲಿನ ಬರಹ, ಹಾಡಿನ ಪುಸ್ತಕ, ಸೂಚನೆ ಎಲ್ಲ ಮಲಯಾಳದಲ್ಲೇ ಇವೆ. ಅಲ್ಲಿ ಮೂರು ವರ್ಷ ಕಳೆದ ಮಗು ಕನ್ನಡ ಶಾಲೆಗೆ ಬರುವುದಕ್ಕಿಂತ ಪಕ್ಕದ ಮಲಯಾಳ ಡಿವಿಷನ್ನಿಗೆ (ತರಗತಿಯ ಮಲಯಾಳ ವಿಭಾಗಕ್ಕೆ) ಹೋಗುವುದು ಸಹಜ. ತಂದೆತಾಯಿಯನ್ನು ಅದಕ್ಕೆ ದೂರುವಂತಿಲ್ಲ. ಮಲಯಾಳ ಕಲಿಯುವುದು ಕೆಟ್ಟದ್ದೂ ಅಲ್ಲ. ಈ ರಾಜ್ಯದಲ್ಲಿ ಬದುಕುವ ನಮ್ಮ ಮಕ್ಕಳಿಗೆ ಅದು ಬೇಕು. ಆದರೆ ಕನ್ನಡವನ್ನು ಆಯ್ದುಕೊಳ್ಳುವ ಅವಕಾಶ ಮೂರನೇ ವರ್ಷದಲ್ಲೇ ಮುಚ್ಚಿಹೋದರೆ ಆರನೇ ವರ್ಷದಲ್ಲಿ ಕನ್ನಡ ಶಾಲೆಯ ಬಾಗಿಲು ತೆರೆದಿಟ್ಟು ಪ್ರಯೋಜನವೇನು?

ಎರಡು, ಸರಕಾರಿ ಮತ್ತು ಅನುದಾನಿತ ಶಾಲೆಗಳಿಗೆ ಸೇರಿಕೊಂಡಿರುವ ಶಾಲಾಪೂರ್ವ ತರಗತಿಗಳು. ಇವುಗಳಲ್ಲಿ ಬಹಳಷ್ಟನ್ನು ಆರಂಭಿಸಿದವರು ರಕ್ಷಕ-ಶಿಕ್ಷಕ ಸಂಘದವರೇ. ಮಕ್ಕಳು ಬೇರೆ ಕಡೆ ಹೋಗದಿರಲಿ ಎಂದು ಊರವರು ಸೇರಿ ಒಬ್ಬ ಟೀಚರನ್ನು ನೇಮಿಸಿ, ತಿಂಗಳಿಗೆ ಅಷ್ಟಿಷ್ಟು ಕೊಟ್ಟು ನಡೆಸಿಕೊಂಡು ಬಂದದ್ದು. ಸಮಗ್ರ ಶಿಕ್ಷಾ ಕೇರಳದ 'ವರ್ಣಕೂಡಾರಂ' ಯೋಜನೆ ಕೆಲವು ಶಾಲೆಗಳ ಈ ಕೋಣೆಗಳಿಗೆ ಒಳ್ಳೆಯ ರೂಪ ಕೊಟ್ಟಿದೆ: ಬಣ್ಣದ ಗೋಡೆ, ಆಟದ ಮೂಲೆ, ಮರಳಿನ ಅಂಗಳ, ಮಕ್ಕಳ ಎತ್ತರಕ್ಕೆ ತಕ್ಕ ಮೇಜು. ಅಂಥ ಒಂದು ಕೋಣೆಗೆ ಹೋದಾಗ ಮನಸ್ಸು ತುಂಬಿಬಂತು. ಆದರೆ ಅನುದಾನಿತ ಶಾಲೆಗಳಲ್ಲಿ ಈ ತರಗತಿಗಳ ಖರ್ಚು ಊರವರ ಮೇಲೆಯೇ ಬೀಳುತ್ತದೆ, ಕಾಸರಗೋಡಿನ ಕನ್ನಡ ಶಾಲೆಗಳಲ್ಲೋ ಅನುದಾನಿತ ಶಾಲೆಗಳ ಪಾಲು ಬಹಳ ದೊಡ್ಡದು. ಅಲ್ಲಿ ದುಡಿಯುವ ಟೀಚರಿಗೆ ಸಿಗುವ ಸಂಬಳದಲ್ಲಿ ಒಬ್ಬರು ಜೀವನ ನಡೆಸುವುದು ಸಾಧ್ಯವಿಲ್ಲ. ಚುರುಕಾಗಿ ಕಲಿಸುತ್ತಿದ್ದ ಹುಡುಗಿಯರು ಒಂದೆರಡು ವರ್ಷದಲ್ಲಿ ಬೇರೆ ಕೆಲಸ ಹಿಡಿದು ಹೋಗುತ್ತಾರೆ.

ಮೂರು, ಇಂಗ್ಲಿಷ್ ಮಾಧ್ಯಮದ ಎಲ್‌ಕೆಜಿ. ಹಳದಿ ಬಸ್ಸು ಈಗ ತೋಟದ ನಡುವಿನ ಮಣ್ಣಿನ ದಾರಿಗೂ ಬರುತ್ತದೆ. ಮೂರೂವರೆ ವರ್ಷಕ್ಕೆ ಅದನ್ನು ಹತ್ತಿದ ಮಗು ಒಂದನೇ ತರಗತಿಗೆ ಇಳಿದು ನಮ್ಮ ಶಾಲೆಗೆ ಬರುವುದು ಅಪರೂಪ. ಇದುವರೆಗೆ ಎರಡು ವರ್ಷ ಅಲ್ಲಿರುತ್ತಿದ್ದ ಮಗು ವಯಸ್ಸು ಏರಿದರೆ ಮೂರು ವರ್ಷ ಅಲ್ಲಿರುತ್ತದೆ, ಗೆಳೆಯರೂ ಅಭ್ಯಾಸವೂ ಅಲ್ಲೇ ಬೇರೂರುತ್ತವೆ. ಮಾಧ್ಯಮವನ್ನು ಆರಿಸುವ ಹಕ್ಕು ಪೋಷಕರದ್ದೆಂದು ಸುಪ್ರೀಂ ಕೋರ್ಟು 2014ರ ಮೇ ತಿಂಗಳಲ್ಲಿ, ಕರ್ನಾಟಕ ಸರಕಾರದ ಮಾತೃಭಾಷಾ ಮಾಧ್ಯಮದ ಆದೇಶಕ್ಕೆ ಸಂಬಂಧಿಸಿದ ಪ್ರಕರಣದಲ್ಲಿಯೇ ಸ್ಪಷ್ಟಪಡಿಸಿದೆ. ಆದ್ದರಿಂದ ಒತ್ತಾಯದ ದಾರಿ ನಮಗಿಲ್ಲ, ಇರಲೂ ಬಾರದು. ಪೋಷಕರು ಮೆಚ್ಚಿ ಕಳುಹಿಸುವಂಥ ಕನ್ನಡದ ಶಾಲಾಪೂರ್ವ ತರಗತಿ ಊರಿನಲ್ಲಿರಬೇಕು, ಅಷ್ಟೇ.

ಇನ್ನು ಶಾಲೆಗಳ ಉಳಿವಿನ ಲೆಕ್ಕ. ಹೊರಗಿನವರಿಗೆ ಇದು ಸುಲಭವಾಗಿ ಗೊತ್ತಾಗುವುದಿಲ್ಲ. ಕೇರಳದಲ್ಲಿ ಜೂನ್ ತಿಂಗಳಲ್ಲಿ ಶಾಲೆ ತೆರೆದು ಆರನೆಯ ಕೆಲಸದ ದಿನ ಮಕ್ಕಳ ತಲೆಯೆಣಿಕೆ ನಡೆಯುತ್ತದೆ. ಆ ದಿನದ ಸಂಖ್ಯೆಯ ಆಧಾರದ ಮೇಲೆ ಆ ವರ್ಷದ ಡಿವಿಷನ್ನುಗಳೂ ಶಿಕ್ಷಕ ಹುದ್ದೆಗಳೂ ನಿರ್ಧಾರವಾಗುತ್ತವೆ. ಎಲ್.ಪಿ. (ಕಿರಿಯ ಪ್ರಾಥಮಿಕ) ತರಗತಿಗಳಲ್ಲಿ ಮೂವತ್ತು ಮಕ್ಕಳಿಗೆ ಒಬ್ಬ ಶಿಕ್ಷಕ ಎಂಬ ಪ್ರಮಾಣವಿದೆ. ಮಲಯಾಳವೂ ಕನ್ನಡವೂ ಒಂದೇ ಆವರಣದಲ್ಲಿ ನಡೆಯುವ ಶಾಲೆಗಳಲ್ಲಿ ಕನ್ನಡ ಡಿವಿಷನ್ನಿನ ಸಂಖ್ಯೆ ಯಾವಾಗಲೂ ಅಂಚಿನಲ್ಲೇ ಇರುತ್ತದೆ. ಜೂನ್ ಮೊದಲ ವಾರ ಹೆಡ್‌ಮಾಸ್ಟರರೂ ಶಿಕ್ಷಕರೂ ಸುರಿಮಳೆಯಲ್ಲಿ ಕೊಡೆ ಹಿಡಿದು ಮನೆಮನೆ ಹತ್ತಿ ಇಳಿಯುವುದು ಒಂದಿಬ್ಬರು ಮಕ್ಕಳಿಗಾಗಿ. ಆ ಒಂದಿಬ್ಬರ ಮೇಲೆ ಒಂದು ಹುದ್ದೆ ನಿಂತಿರುತ್ತದೆ.

ಈಗ ವಯಸ್ಸನ್ನು ಒಂದೇ ಏಟಿಗೆ ಐದರಿಂದ ಆರಕ್ಕೆ ಏರಿಸಿದರೆ ಏನಾಗುತ್ತದೆ ಎಂದು ಯೋಚಿಸಿ. ಆ ಜೂನಿನಲ್ಲಿ ಆರು ತುಂಬಿರುವ ಮಕ್ಕಳಲ್ಲಿ ಒಂದು ಪಾಲು ಹಿಂದಿನ ವರ್ಷವೇ, ಐದು ತುಂಬಿದಾಗಲೇ, ಒಂದನೇ ತರಗತಿಗೆ ಸೇರಿಬಿಟ್ಟಿರುತ್ತದೆ. ಆಗ ಸೇರದೆ ಉಳಿದವರು ಮಾತ್ರ ಹೊಸದಾಗಿ ಬರುತ್ತಾರೆ. ಐದು ತುಂಬಿದವರು ಹೊರಗೆ ಕಾಯುತ್ತಾರೆ. ಎಲ್ಲರೂ ಐದಕ್ಕೇ ಸೇರುವ ಊರಾದರೆ ಆ ವರ್ಷ ಒಂದನೇ ತರಗತಿ ಬರಿದಾಗಿರುತ್ತದೆ, ಅರ್ಧದಷ್ಟು ಮಂದಿ ಸೇರುವ ಊರಾದರೆ ಅರ್ಧವಾಗುತ್ತದೆ. ಇನ್ನೂರು ಮಕ್ಕಳಿರುವ ಶಾಲೆ ಇದನ್ನು ತಾಳಿಕೊಳ್ಳಬಹುದು. ಒಂದನೇ ತರಗತಿಯಲ್ಲಿ ಹನ್ನೆರಡು ಮಕ್ಕಳಿರುವ ಕನ್ನಡ ಡಿವಿಷನ್ನು ತಾಳಿಕೊಳ್ಳಲಾರದು. ಆ ಸಣ್ಣ ತಂಡ ಮರುವರ್ಷ ಎರಡನೇ ತರಗತಿಗೆ, ಅದರಾಚೆ ಮೂರಕ್ಕೆ ಏರುತ್ತ ಪ್ರತಿವರ್ಷವೂ ಒಂದೊಂದು ತರಗತಿಯ ಹುದ್ದೆಯನ್ನು ಅಲುಗಾಡಿಸುತ್ತ ಹೋಗುತ್ತದೆ. ಒಮ್ಮೆ ಕಳೆದುಕೊಂಡ ಕನ್ನಡ ಹುದ್ದೆಯನ್ನು ಮರಳಿ ಪಡೆಯುವುದು ಎಷ್ಟು ಕಷ್ಟ, ಪಡೆದರೂ ಕನ್ನಡ ಬಲ್ಲವರೇ ಆ ಹುದ್ದೆಗೆ ಬರುವಂತೆ ನೋಡಿಕೊಳ್ಳುವುದು ಇನ್ನೆಷ್ಟು ಕಷ್ಟ ಎಂಬುದು ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ಕನ್ನಡ ಬಾರದ ಶಿಕ್ಷಕರನ್ನು ಕನ್ನಡ ತರಗತಿಗಳಿಗೆ ನೇಮಿಸಿದ್ದಕ್ಕೆ ಮಕ್ಕಳು ಮತ್ತು ಪೋಷಕರು ಶಾಲೆಯ ಅಂಗಳದಲ್ಲಿ ಧರಣಿ ಕೂತ ದಿನಗಳನ್ನು ಈ ಜಿಲ್ಲೆ ಕಂಡಿದೆ.

ಇದಕ್ಕೆ ಪರಿಹಾರ ಇಲ್ಲವೆಂದಲ್ಲ. ಪ್ರವೇಶದ ಮಿತಿಯನ್ನು ವರ್ಷಕ್ಕೆ ಮೂರು ತಿಂಗಳಂತೆ ಏರಿಸಬಹುದು: ಮೊದಲ ವರ್ಷ ಐದು ವರ್ಷ ಮೂರು ತಿಂಗಳು, ಎರಡನೇ ವರ್ಷ ಐದೂವರೆ, ಮೂರನೇ ವರ್ಷ ಐದೂಮುಕ್ಕಾಲು, ನಾಲ್ಕನೇ ವರ್ಷ ಆರು. ಹೀಗಾದರೆ ಯಾವ ಒಂದು ವರ್ಷವೂ ತರಗತಿ ಬರಿದಾಗುವುದಿಲ್ಲ, ಕೊರತೆ ನಾಲ್ಕು ವರ್ಷಗಳಿಗೆ ಹಂಚಿಹೋಗುತ್ತದೆ. ಅದರ ಜೊತೆಗೆ ಈ ನಾಲ್ಕು ವರ್ಷ ಭಾಷಾ ಅಲ್ಪಸಂಖ್ಯಾತ ಡಿವಿಷನ್ನುಗಳ ಹುದ್ದೆಗಳನ್ನು ಹಿಂದಿನ ಸಂಖ್ಯೆಯ ಆಧಾರದ ಮೇಲೆ ಉಳಿಸಿಕೊಳ್ಳುವ ಆದೇಶ ಬೇಕು. ಬಿಡುವು ಸಿಗುವ ಶಿಕ್ಷಕರನ್ನು ಅದೇ ಶಾಲೆಯ ಶಾಲಾಪೂರ್ವ ತರಗತಿಗೆ ಬಳಸಿಕೊಳ್ಳಲಿ. ಅದರಿಂದ ಒಂದೇ ಖರ್ಚಿನಲ್ಲಿ ಎರಡು ಕೆಲಸಗಳೂ ಆಗುತ್ತವೆ.

ಗಡಿಯಲ್ಲಿರುವ ತಲಪಾಡಿಯ ಆಚೆ, ಕರ್ನಾಟಕದಲ್ಲಿ, ಏನಾಯಿತು ಎಂಬುದನ್ನೂ ನೋಡಬೇಕು. ನಮ್ಮ ಎಷ್ಟೋ ಮನೆಗಳ ಹೆಣ್ಣುಮಕ್ಕಳು ಮಂಗಳೂರು, ಪುತ್ತೂರು, ವಿಟ್ಲದ ಕಡೆ ಮದುವೆಯಾಗಿ ಹೋಗಿದ್ದಾರೆ, ಕೆಲಸಕ್ಕೆಂದು ಆಚೆ ಈಚೆ ಹೋಗಿಬರುವ ಕುಟುಂಬಗಳು ನೂರಾರು; ಆದ್ದರಿಂದ ಕರ್ನಾಟಕದ ವಯಸ್ಸಿನ ನಿಯಮ ನಮಗೆ ಹೊರಗಿನ ಸುದ್ದಿಯಲ್ಲ. ಅಲ್ಲಿ ಜೂನ್ 1ಕ್ಕೆ ಆರು ತುಂಬಿರಬೇಕೆಂಬ ಆದೇಶ 2022ರ ಜುಲೈಯಲ್ಲಿ ಬಂತು. ಅಷ್ಟರಲ್ಲಿ ಎಲ್‌ಕೆಜಿ, ಯುಕೆಜಿಗಳಲ್ಲಿ ಓದುತ್ತಿದ್ದ ಮಕ್ಕಳು ಮತ್ತೊಂದು ವರ್ಷ ಅಲ್ಲೇ ಕೂರಬೇಕಾದೀತೆಂದು ಪೋಷಕರು ದನಿಯೆತ್ತಿದರು, ಜಾರಿಯನ್ನು 2025-26ಕ್ಕೆ ಮುಂದೂಡಲಾಯಿತು. ಆ ವರ್ಷ ಬಂದಾಗಲೂ ಒತ್ತಾಯ ತಗ್ಗದೆ, 2025ರ ಏಪ್ರಿಲ್ ತಿಂಗಳಲ್ಲಿ ಸಚಿವ ಮಧು ಬಂಗಾರಪ್ಪ ಅವರು ಆ ಒಂದು ವರ್ಷದ ಮಟ್ಟಿಗೆ ಐದು ವರ್ಷ ಐದು ತಿಂಗಳಿಗೆ ಸಡಿಲಿಸಬೇಕಾಯಿತು. ಆ ಮೂರು ವರ್ಷ ಪೋಷಕರು ಅನುಭವಿಸಿದ ಗೊಂದಲಕ್ಕೆ ಕಾರಣ ಆರು ಎಂಬ ವಯಸ್ಸಲ್ಲ. ಕೆಳಗಿನ ತರಗತಿಗಳ ವಯಸ್ಸನ್ನು ಮೊದಲು ಸರಿಪಡಿಸದೆ ಮೇಲಿನದನ್ನು ಬದಲಿಸಿದ್ದು. ಸುಖದೇವ್ ಥೋರಟ್ ಅವರ ಅಧ್ಯಕ್ಷತೆಯ ಕರ್ನಾಟಕ ರಾಜ್ಯ ಶಿಕ್ಷಣ ನೀತಿ ಆಯೋಗವು 2025ರ ಆಗಸ್ಟಿನಲ್ಲಿ ಕೊಟ್ಟ ವರದಿಯಲ್ಲಿ ಎರಡು ವರ್ಷ ಶಾಲಾಪೂರ್ವ, ಎಂಟು ವರ್ಷ ಪ್ರಾಥಮಿಕ, ನಾಲ್ಕು ವರ್ಷ ಪ್ರೌಢ ಎಂಬ ರಚನೆಯನ್ನು ಸೂಚಿಸಿ ಶಾಲಾಪೂರ್ವದ ಎರಡು ವರ್ಷಗಳನ್ನು ಶಾಲೆಯ ಲೆಕ್ಕಕ್ಕೇ ಸೇರಿಸಿದೆ. ಆ ದೃಷ್ಟಿ ನನಗೆ ಒಪ್ಪಿಗೆ.

  

ನನ್ನ ವಾದದ ಮುಖ್ಯ ಆಧಾರವನ್ನು ಇನ್ನು ಹೇಳುತ್ತೇನೆ. 1956ರ ನವೆಂಬರ್ 1ರಂದು ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕು ಕೇರಳಕ್ಕೆ ಸೇರಿದಾಗ ಇಲ್ಲಿನ ಕನ್ನಡಿಗರು ಒಂದೇ ರಾತ್ರಿಯಲ್ಲಿ ಭಾಷಾ ಅಲ್ಪಸಂಖ್ಯಾತರಾದರು. ಅದೇ ವರ್ಷ ಸಂವಿಧಾನಕ್ಕೆ ಮಾಡಿದ ಏಳನೇ ತಿದ್ದುಪಡಿಯು ಇಂಥ ಜನರಿಗಾಗಿಯೇ 350ಎ ವಿಧಿಯನ್ನು ಸೇರಿಸಿತು. ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಶಿಕ್ಷಣದ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯಲ್ಲಿ ಕಲಿಯಲು ಸಾಕಷ್ಟು ಸೌಲಭ್ಯ ಒದಗಿಸಲು ಪ್ರತಿಯೊಂದು ರಾಜ್ಯವೂ, ರಾಜ್ಯದೊಳಗಿನ ಪ್ರತಿಯೊಂದು ಸ್ಥಳೀಯ ಸಂಸ್ಥೆಯೂ ಪ್ರಯತ್ನಿಸತಕ್ಕದ್ದು ಎಂದು ಅದು ಹೇಳುತ್ತದೆ. ಎಪ್ಪತ್ತು ವರ್ಷಗಳಿಂದ ನಾವು ಇದನ್ನು ಒಂದನೇ ತರಗತಿಯಿಂದ ಮೇಲಿನ ಮಾತೆಂದೇ ತಿಳಿದುಕೊಂಡು ಬಂದಿದ್ದೇವೆ. ಆಗ ಶಾಲೆ ಆರಂಭವಾಗುತ್ತಿದ್ದದ್ದೇ ಅಲ್ಲಿಂದ, ಹಾಗಾಗಿ ಅದು ಸರಿಯಾಗಿತ್ತು. ಈಗ ದೇಶದ ಶಿಕ್ಷಣ ಚಿಂತನೆಯೇ ಮೂರರಿಂದ ಎಂಟು ವರ್ಷದವರೆಗಿನದನ್ನು ಒಂದು ಅಖಂಡ ಹಂತವೆಂದು ಒಪ್ಪಿಕೊಳ್ಳುತ್ತಿದೆ, ಆರಕ್ಕೆ ಮುಂಚಿನ ಸಿದ್ಧತೆ ಇಲ್ಲದೆ ಒಂದನೇ ತರಗತಿ ಇಲ್ಲ ಎನ್ನುತ್ತಿದೆ. ಹಂತದ ಆರಂಭ ಮೂರಕ್ಕೆ ಇಳಿದಾಗ ಮಾತೃಭಾಷೆಯ ಹೊಣೆಯೂ ಮೂರಕ್ಕೆ ಇಳಿಯಲೇಬೇಕು. ಐದು ವರ್ಷದ ಮಗುವನ್ನು ಶಾಲೆಯ ಹೊರಗೆ ನಿಲ್ಲಿಸಿ, ಅದು ಅಂಗನವಾಡಿಯಲ್ಲಿ ಕಲಿಯಲಿ ಎಂದ ಮೇಲೆ ಅಂಗನವಾಡಿಯಲ್ಲಿ ಅದಕ್ಕೆ ತಿಳಿಯುವ ಭಾಷೆ ಇರಬೇಕೆಂದು ಕೇಳುವುದು ಔದಾರ್ಯದ ಬೇಡಿಕೆಯಲ್ಲ.

ಆ ವಿಧಿಯಲ್ಲಿ ಸ್ಥಳೀಯ ಸಂಸ್ಥೆಗಳ ಹೆಸರೂ ಇರುವುದು ನಮಗೆ ಬಹಳ ಉಪಯೋಗದ ಸಂಗತಿ. ಅಂಗನವಾಡಿಯ ಕಟ್ಟಡ, ದುರಸ್ತಿ, ಆಹಾರ, ಮೇಲ್ವಿಚಾರಣೆ ಇವೆಲ್ಲವೂ ಕೇರಳದಲ್ಲಿ ಗ್ರಾಮ ಪಂಚಾಯತಿನ ವ್ಯಾಪ್ತಿಗೆ ಬರುತ್ತವೆ. ಆದ್ದರಿಂದ ಎಲ್ಲವನ್ನೂ ತಿರುವನಂತಪುರಕ್ಕೆ ಮನವಿ ಬರೆದು ಕಾಯಬೇಕಾಗಿಲ್ಲ. ಬಿರಿಯಾನಿಗಾಗಿ ಒಬ್ಬ ಪುಟ್ಟ ಹುಡುಗ ಮುಗ್ಧವಾಗಿ ಕೇಳಿದ ವಿಡಿಯೊ ನೋಡಿ ಸರಕಾರ 2025ರಲ್ಲಿ ರಾಜ್ಯದ ಅಂಗನವಾಡಿಗಳ ಊಟದ ಪಟ್ಟಿಯನ್ನೇ ಬದಲಿಸಿತು ಎಂಬುದು ನನಗೆ ನಿಜವಾಗಿಯೂ ಸಂತೋಷ ಕೊಟ್ಟ ಸುದ್ದಿ. ಮಕ್ಕಳ ಮಾತನ್ನು ಕೇಳುವ ಮನಸ್ಸು ಆಡಳಿತಕ್ಕಿದೆ. ನಮ್ಮ ಮಕ್ಕಳ ಮಾತು ಅದಕ್ಕೆ ತಲುಪುವಂತೆ ಮಾಡುವ ಕೆಲ್ಸ ದೊಡ್ಡವರಾದ ನಮ್ಮದು.

ಮುಂದಿನ ಗ್ರಾಮಸಭೆಯಲ್ಲಿ ನಾನು ಎತ್ತಲಿರುವ ವಿಷಯಗಳು ಇವು. ಪಂಚಾಯತಿನ ಪ್ರತಿ ವಾರ್ಡಿನಲ್ಲಿ ಮೂರರಿಂದ ಆರು ವರ್ಷದ ಮಕ್ಕಳ ಮನೆಮಾತು ಯಾವುದು, ಅವರ ಪೋಷಕರು ಮುಂದೆ ಯಾವ ಮಾಧ್ಯಮವನ್ನು ಬಯಸುತ್ತಾರೆ ಎಂಬ ಪಟ್ಟಿಯನ್ನು ಅಂಗನವಾಡಿಯ ದಾಖಲೆಗಳಿಂದಲೇ ತಯಾರಿಸಬೇಕು; ಮಾಹಿತಿ ಟೀಚರ ಬಳಿ ಇದ್ದೇ ಇರುತ್ತದೆ, ಒಟ್ಟುಗೂಡಿಸುವ ಕೆಲಸ ಮಾತ್ರ ಉಳಿದಿದೆ. ಕನ್ನಡ ಬಯಸುವ ಮಕ್ಕಳು ಹೆಚ್ಚಿರುವ ಕೇಂದ್ರಗಳಲ್ಲಿ ಮುಂದೆ ತೆರವಾಗುವ ಹುದ್ದೆಗೆ ಕನ್ನಡ ಓದಲು ಬರೆಯಲು ಬಲ್ಲವರನ್ನೇ ಪರಿಗಣಿಸಬೇಕೆಂದು ಪಂಚಾಯತು ನಿರ್ಣಯ ಮಾಡಿ ಇಲಾಖೆಗೆ ಕಳುಹಿಸಬೇಕು. ಈಗ ಇರುವ ಟೀಚರುಗಳಿಗೆ ಕನ್ನಡದ ಹಾಡು, ಕಥೆ, ಆಟಗಳ ತರಬೇತಿಯನ್ನು ಮಾಯಿಪ್ಪಾಡಿಯ ಜಿಲ್ಲಾ ಶಿಕ್ಷಣ ತರಬೇತಿ ಸಂಸ್ಥೆಯಲ್ಲಿ ರಜಾದಿನಗಳಲ್ಲಿ ಏರ್ಪಡಿಸಬಹುದು. ಅದಕ್ಕೆ ಬೇಕಾದ ಸಾಮಗ್ರಿಯನ್ನು ಸಿದ್ಧಪಡಿಸಲು ನಾನೂ, ನನ್ನಂತೆ ನಿವೃತ್ತರಾದ ಕೆಲವು ಟೀಚರುಗಳೂ ಮಾಷ್ಟ್ರುಗಳೂ ಒಪ್ಪಿದ್ದೇವೆ. ತುಳು, ಹವ್ಯಕ, ಬ್ಯಾರಿ ಮನೆಗಳ ಶಿಶುಪ್ರಾಸಗಳನ್ನು ಈಗಾಗಲೇ ಬರೆದಿಡತೊಡಗಿದ್ದೇವೆ. ಅನುದಾನಿತ ಶಾಲೆಯ ಶಾಲಾಪೂರ್ವ ಟೀಚರ ಸಂಬಳದ ಒಂದು ಪಾಲನ್ನು ಪಂಚಾಯತಿನ ಯೋಜನಾ ನಿಧಿಯಿಂದ ಕೊಡಲು ಸಾಧ್ಯವೇ ಎಂದು ಕಾರ್ಯದರ್ಶಿಯವರಲ್ಲಿ ಲಿಖಿತವಾಗಿ ಕೇಳುತ್ತೇನೆ, ಉತ್ತರವನ್ನೂ ಲಿಖಿತವಾಗಿಯೇ ಬಯಸುತ್ತೇನೆ. ಆರನೇ ದಿನದ ಲೆಕ್ಕದಲ್ಲಿ ಕನ್ನಡ ಡಿವಿಷನ್ನುಗಳಿಗೆ ನಾಲ್ಕು ವರ್ಷದ ರಕ್ಷಣೆ ಕೋರುವ ಮನವಿಗೆ ಮಂಜೇಶ್ವರ, ಕುಂಬಳೆ, ಕಾಸರಗೋಡು ಉಪಜಿಲ್ಲೆಗಳ ಎಲ್ಲ ಕನ್ನಡ ಶಾಲೆಗಳ ರಕ್ಷಕ-ಶಿಕ್ಷಕ ಸಂಘಗಳು ಒಟ್ಟಾಗಿ ಸಹಿ ಹಾಕಬೇಕು. ಮನವಿಯ ಕರಡನ್ನು ಕನ್ನಡ ಮತ್ತು ಮಲಯಾಳ ಎರಡರಲ್ಲೂ ಬರೆದಿಟ್ಟಿದ್ದೇನೆ, ಬೇಕಾದ ಶಾಲೆಯವರು ಕೇಳಿದರೆ ಕಳುಹಿಸಿಕೊಡುತ್ತೇನೆ.